ಒರೆಸದ ಕಡ್ಡಿ

ಹುಲ್ಲು ಕತ್ತರಿಸುವ ಮಷೀನಿನ ಆಯಿಲ್ ಟ್ಯಾಂಕಿನಿಂದ ಹೊರಗೆಳೆದ ಅಳತೆ ಕಡ್ಡಿಯನ್ನು ಅವ್ವಣ್ಣ ಒರೆಸಲಿಲ್ಲ. ಹಾಗೇ ಬಿಸಿಲಿಗೆ ಹಿಡಿದು, ಮೇಲಿನ ಗೆರೆಯವರೆಗೂ ಮೆತ್ತಿಕೊಂಡಿದ್ದ ಕಪ್ಪು ಜಿಡ್ಡನ್ನು ಹೊಸ ಮಾಲಿ ಶಿವರಾಜನಿಗೆ ತೋರಿಸಿದ.

"ನೋಡು ತಮ್ಮಾ, ಭರ್ತಿ ಅದ. ಇಷ್ಟ ನೋಡೂದು, ಮಷೀನ್ ಚಾಲೂ ಮಾಡೂದು. ಮುಗೀತು."

ಹತ್ತೊಂಬತ್ತು ವರ್ಷ ಕೋಥರೂಡದ ಈ ಹೌಸಿಂಗ್ ಸೊಸೈಟಿಯ ಹುಲ್ಲು ಕತ್ತರಿಸಿದವನಿಗೆ, ಒರೆಸದ ಕಡ್ಡಿ ಸುಳ್ಳು ಹೇಳುತ್ತದೆಂದು ಚೆನ್ನಾಗಿ ಗೊತ್ತಿತ್ತು. ಮಷೀನ್ ಅಲುಗಿದಾಗ ಸಿಡಿದ ಎಣ್ಣೆ ಕಡ್ಡಿಯ ಉದ್ದಕ್ಕೂ ಅಂಟಿರುತ್ತದೆ. ಒರೆಸಿ ಮತ್ತೊಮ್ಮೆ ಅದ್ದಿದರೆ ಮಾತ್ರ ನಿಜ ತಿಳಿಯುವುದು. ನಿಜಕ್ಕೂ ಎಣ್ಣೆ ತಳ ಸೇರಿತ್ತು. ಹೀಗೇ ಓಡಿಸಿದರೆ ವಾರದೊಳಗೆ ಇಂಜಿನ್ ಜಾಮ್ ಆಗಿ ನಿಲ್ಲುತ್ತದೆ. ನಾಳೆಯಿಂದ ತೋಟದ ಕೆಲಸವನ್ನು ಕಂತ್ರಾಟಿಗೆ ಕೊಟ್ಟು ಅವ್ವಣ್ಣನನ್ನು ಬಿಡಿಸಿ, "ಹೊಸಬನಿಗೆ ಎಲ್ಲ ಕಲಿಸಿ ಹೋಗು" ಎಂದಿದ್ದ ಸೆಕ್ರೆಟರಿ ಸುಲಭಾ ಮೇಡಂ, ಆಗಲಾದರೂ ತನ್ನನ್ನು ವಾಪಸು ಕರೆಸದೆ ಇರುತ್ತಾರೆಯೇ?

ಬೆಳಿಗ್ಗೆ ಇಬ್ಬರ ಮಾತೂ ಮರಾಠಿಯಲ್ಲೇ ಶುರುವಾಗಿತ್ತು. ಊರು ಕೇಳಿದ ಮೇಲೆ ಕನ್ನಡಕ್ಕೆ ಹೊರಳಿತು. ಅಲ್ಲಿಂದ ಮುಂದೆ ಅವ್ವಣ್ಣನಿಗೆ ಅವನ ಮುಖ ನೋಡುವುದು ಕಷ್ಟವಾಗಿತ್ತು.

ಶಿವರಾಜ ಕಡ್ಡಿಯನ್ನು ತೆಗೆದುಕೊಂಡು ತನ್ನ ಅಂಗಿಯ ಅಂಚಿಗೆ ಒರೆಸಿದ. ಅದ್ದಿದ, ಎತ್ತಿದ. ತುದಿಯಲ್ಲಿ ಒಂದೇ ಹನಿ. ಪಕ್ಕದಲ್ಲಿದ್ದ ಎಣ್ಣೆ ಬಾಟಲಿ ಬಗ್ಗಿಸಿ ನಿಧಾನವಾಗಿ ಸುರಿದ, ಎಣ್ಣೆ ಇಳಿಯಲೆಂದು ಕಾದ, ಮತ್ತೆ ಒರೆಸಿ ಅದ್ದಿದ. ಈ ಸಲ ಎಣ್ಣೆ ಮೇಲಿನ ಗೆರೆಗೆ ಸರಿಯಾಗಿ ನಿಂತಿತ್ತು.

"ಚಾಕಣದ ಫ್ಯಾಕ್ಟರ್ಯಾಗ ಹನ್ನೊಂದು ವರ್ಷ ಇಂಜಿನ್ ಕಟ್ಟೀನಿ, ಕಾಕಾ."

ಅವ್ವಣ್ಣ ನೆಲ ನೋಡಿದ. "ಮತ್ತ ಇಲ್ಲಿ ಹುಲ್ಲು ಕತ್ತರಸಾಕ ಯಾಕ ಬಂದಿ?"

"ಹ್ವಾದ ವರ್ಷ ಹಣಿಗೆ ಕ್ಯಾಮೆರಾ ಕಟ್ಟಿ, ಕೈ ಹೆಂಗ ಆಡಸ್ತಿ ತೋರಸು ಅಂದ್ರು. ಒಂದೂ ಬಿಡದ ತೋರಿಸಿದೆ. ಸಾಹೇಬ್ರು ಬೆನ್ನು ತಟ್ಟಿ ಪೇಢೆ ಕೊಟ್ರು." ಶಿವರಾಜ ಟ್ಯಾಂಕಿನ ಮುಚ್ಚಳ ತಿರುವಿ ಬಿಗಿ ಮಾಡಿದ. "ದೀಪಾವಳಿ ಮುಗಿಸಿಕೊಂಡು ಹೋಗೂದ್ರಾಗ ನನ್ನ ಜಾಗಾದಾಗ ರೋಬೋಟ್ ನಿಂತಿತ್ತು. ಎಡಗೈಲೆ ನಟ್ ಹಿಡಿಯೂ ನನ್ನ ಚಾಳಿ ಸುದ್ಧಾ ಕಲ್ತಿತ್ತು."

ಅವ್ವಣ್ಣ ಮಷೀನ್ ಚಾಲೂ ಮಾಡುವ ಹಗ್ಗದ ಹಿಡಿಯ ಮೇಲೆ ಕೈಯಿಟ್ಟ.

"ತಮ್ಮಾ, ಇನ್ನೊಂದು ಹೇಳೂದು ಉಳದದ. ಥಂಡಿ ದಿನದಾಗ ಹಗ್ಗ ಎಷ್ಟು ಜಗ್ಗಿದ್ರೂ ಇದು ಚಾಲೂ ಆಗೂದಿಲ್ಲ. ಅದಕ್ಕೊಂದು ಉಪಾಯ ಅದ. ಇಷ್ಟು ವರ್ಷದಾಗ ಯಾರಿಗೂ ಹೇಳಿಲ್ಲ. ಇಲ್ಲಿ ಬಾ, ಈಗ ಖರೇನ ಹೇಳ್ತೀನಿ."

ಶಿವರಾಜ ಎದ್ದು, ಅಂಗಿಯ ಎಣ್ಣೆ ಕಲೆ ಕಾಣದಂತೆ ಅಂಚನ್ನು ಪ್ಯಾಂಟಿನೊಳಗೆ ಸೇರಿಸಿಕೊಂಡ.

"ಬ್ಯಾಡ್ರಿ ಕಾಕಾ. ಅದು ನಿಮ್ಮ ಹತ್ರನ ಇರ್ಲಿ."