ಗೋವಾದ ರಾಜಧಾನಿ

ಸಮುದ್ರ ಪಣಜಿಯನ್ನು ನುಂಗಿ ಒಂಬತ್ತು ವರ್ಷವಾಗಿತ್ತು. ಅಲ್ಲಿಂದ ಧಾರವಾಡಕ್ಕೆ ಬಂದು ಬೇಕರಿಯಲ್ಲಿ ಹಿಟ್ಟು ನಾದುವ ಎಸ್ಪೆರಾನ್ಸಾ ಬಾಯಿ, ನಿವಾಸಿ ಕಾರ್ಡಿನ ಪರೀಕ್ಷೆಗೆ ಮೂರನೇ ಸಲ ನನ್ನೆದುರು ಕೂತಿದ್ದರು. ಕರಾವಳಿ ರಾಜ್ಯಗಳು ಒಳನಾಡಿಗೆ ಸರಿಸಿಕೊಂಡ ಹೊಸ ರಾಜಧಾನಿಗಳನ್ನು ಹೇಳಬೇಕು, ಅಷ್ಟೇ. ಮುಳುಗಿದ ಊರಿನ ಹೆಸರು ಬಾಯಿಗೆ ಬಂದರೆ ನಪಾಸು. ಹಿಂದಿನ ಎರಡು ಸಲವೂ ಅವರು ಪಣಜಿ ಅಂದುಬಿಟ್ಟಿದ್ದರು. ಈ ನಿಯಮ ಮಾಡಿದವನಿಗೆ ಸ್ವಂತ ಊರು ಅಂತ ಇರಲಿಕ್ಕಿಲ್ಲ.

“ಮಹಾರಾಷ್ಟ್ರ?”

“ಪುಣೆ.”

“ತಮಿಳುನಾಡು?”

“ತಿರುಚ್ಚಿ.”

“ಕೇರಳ?”

“ಪಾಲಕ್ಕಾಡ್.”

ಅವರ ಕೈಗಳು ಮೇಜಿನ ಮೇಲೆ ಹಿಟ್ಟು ನಾದುವಂತೆ ಆಡುತ್ತಿದ್ದವು. ಮೂರು ತಿಂಗಳು ಕೆಲಸ ಮಾಡುತ್ತಲೇ ಬಾಯಿಪಾಠ ಮಾಡಿದ್ದರಂತೆ.

“ಗೋವಾ?”

ಕೈಗಳು ನಿಂತವು.

“ಫೋಂಡಾ.”

“ಪಾಸಾದ್ರಿ ಬಾಯಾರ,” ಎಂದು ಸೀಲು ಒತ್ತಿ, ಕಾರ್ಡು ತುಂಬಲು ಪೆನ್ನು ತೆಗೆದೆ.

“ಹುಟ್ಟಿದ ಊರು?”

“ಫೋಂಡಾ.”

“ಪರೀಕ್ಷಾ ಮುಗೀತ್ರಿ. ಇಲ್ಲಿ ಹಳೇ ಹೆಸರು ಬರೀಬಹುದು. ನೀವು ಹುಟ್ಟಿದ್ದು ಪಣಜಿಯೊಳಗ ಅಲ್ಲೇನ್ರಿ?”

ಇದೂ ಒಂದು ಪ್ರಶ್ನೆಯಿರಬಹುದು ಎಂಬಂತೆ ಅವರು ನನ್ನ ಮುಖವನ್ನೇ ನೋಡಿದರು. ಕೈಗಳು ಮತ್ತೆ ಮೇಜಿನ ಮೇಲೆ ನಾದತೊಡಗಿದವು.

“ಇಲ್ರಿ ಸರ,” ಅಂದರು. “ಫೋಂಡಾದಾಗ.”