ಕೇಶರಬಾಯಿಯ ಧಾರಾವಾಹಿ

ತಟ್ಟೆ ಮೂರನೆಯ ಸಲ ಹಾಗೇ ತಿರುಗಿ ಬಂತು. ರೊಟ್ಟಿ ಮುರಿದಿರಲಿಲ್ಲ. ಸಕ್ಕರೆ ಕಾಯಿಲೆಯ ಗುಳಿಗೆಯೂ ಅಂಚಿನಲ್ಲೇ ಇತ್ತು.

“ನಿನ್ನ ಕೈಲಿಂದ ಒಲ್ಲೆ,” ಎಂದಳು ಕೇಶರಬಾಯಿ. “ನೀ ನನ್ನ ಸೊಸಿ ಅಲ್ಲ. ಅಕಿ ಜಾಗಾಕ್ಕ ಬಂದೀ.”

ಜಗದೇವಿ ಅತ್ತೆಯ ಮುಖ ನೋಡಲಿಲ್ಲ. ಟಿವಿಯಲ್ಲಿ ‘ಮರಳಿ ಬಂದವರು’ ಧಾರಾವಾಹಿ ನಡೆದಿತ್ತು. ಮೂವತ್ತು ವರ್ಷದ ಹಿಂದೆ ಬಸವಕಲ್ಯಾಣದ ಈ ಓಣಿಯೆಲ್ಲ ಒಂದೇ ಟಿವಿ ಮುಂದೆ ಕೂತು ‘ಆಚೆ ಲೋಕ’ ನೋಡುತ್ತಿತ್ತು. ವಾರಕ್ಕೊಂದು ಕಥೆ: ನಿಂತ ಗಡಿಯಾರ, ಭೂಮಿಯ ಕೊನೆಯ ಮನುಷ್ಯ. ಈಗ ಬರುತ್ತಿರುವುದು ಅದರದೇ ಹೊಸ ಕವಲು. ಇದರಲ್ಲಿ ಬೇರೆ ಗ್ರಹದವರು ಮನೆ ಹೊಕ್ಕು, ಮನೆಯವರೊಬ್ಬರ ಜಾಗ ಹಿಡಿದು, ಅವರ ಹೆಸರಿಗೇ ಓಗೊಡುತ್ತಿದ್ದರು.

ಲಕ್ವಾ ಹೊಡೆದು ಕೈಕಾಲು ಬಿದ್ದ ಮೇಲೆ ಮುದುಕಿ ಎರಡು ವರ್ಷ ಬೇಮಳಖೇಡದ ಮಗಳ ಮನೆಯಲ್ಲಿದ್ದಳು. ಮೂರು ತಿಂಗಳ ಹಿಂದೆ ಮರಳಿದಾಗ ಎರಡೂ ಕಣ್ಣಿಗೆ ಪೊರೆ. ಧಾರಾವಾಹಿಯನ್ನು ಬರೀ ಕೇಳುತ್ತಿದ್ದಳು. ಮೊನ್ನೆ ಹುಮನಾಬಾದಿನಲ್ಲಿ ಆಪರೇಷನ್ ಆಯಿತು. ಪಟ್ಟಿ ಬಿಚ್ಚಿದಾಗ ಮೊದಲು ಕಂಡದ್ದು ಜಗದೇವಿಯ ಮುಖ. ಅಂದಿನಿಂದ ಅವಳು ಕೊಟ್ಟ ತುತ್ತು ಮುಟ್ಟಿಲ್ಲ.

ಅಡುಗೆಮನೆಯಲ್ಲಿ ಗಂಡ ದತ್ತು ದನಿ ತಗ್ಗಿಸಿದ. “ಟಿವಿ ಹುಚ್ಚು. ಸಂಜಿತನಕ ಉಣಲಿಲ್ಲಂದ್ರ ದವಾಖಾನಿಗೆ ತರ್ರಿ ಅಂದಾರ ಡಾಕ್ಟರು. ಅಕಿ ಎದಿ ಭಾಳ ನಾಜೂಕ. ನೀ ಏನೂ ಮಾತಾಡಬ್ಯಾಡ, ಜಗದೇವಿ.”

ಹೆಸರು ಹೇಳುವಾಗ ಅವನು ಎಂದಿನಂತೆ ನೆಲ ನೋಡಿದ.

“ಟಿವಿ ಬಂದ್ ಮಾಡ್ಲೇನ್ರಿ?”

“ಮಾಡಿದ್ರ ಗುಟ್ಟು ಬಯಲಾಗತದಂತ ಮಾಡಿದ್ಲು ಅಂತಾಳ.”

ಅವಳು ಬಿಸಿ ರೊಟ್ಟಿ ಹಿಡಿದು ಮತ್ತೆ ಹೋದಳು. ಮುದುಕಿಯ ತುಟಿ ಒಣಗಿತ್ತು. ಕಣ್ಣು ಮಾತ್ರ ಹೊಸದಾಗಿ ಹೊಳೆಯುತ್ತಿದ್ದವು.

“ನನಗ ಲಕ್ವಾ ಹೊಡದಾಗ ನನ್ನ ತಲಿ ಯಾರ ತೊಡಿ ಮ್ಯಾಲಿತ್ತು?”

“ನನ್ನ ತೊಡಿ ಮ್ಯಾಲ್ರಿ, ಅತ್ತಿ.”

“ಎಲ್ಲಾ ಕಲಿಸೇ ಕಳಸ್ಯಾರ.” ಮುದುಕಿ ತಟ್ಟೆಯತ್ತ ನೋಡಿದಳು. “ರೊಟ್ಟಿ ಬಡಿಯೂದೂ ಕಲಿಸ್ಯಾರ. ಖರೇ ಹೇಳಬೇಕಂದ್ರ ಅಕಿಕಿಂತ ತೆಳ್ಳಗ ಬಡೀತಿ.”

ಜಗದೇವಿಗೆ ನಗು ಬರಲಿಲ್ಲ.

“ಅಕೀನ ಏನ ಮಾಡಿದ್ರಿ?” ಕೇಶರಬಾಯಿಯ ದನಿ ಒಡೆಯಿತು. “ಅದೊಂದು ಹೇಳು. ಉಣತೀನಿ.”

ಬಾಗಿಲಲ್ಲಿ ನಿಂತ ದತ್ತು ಬೇಡವೆಂದು ತಲೆಯಾಡಿಸಿದ. ಜಗದೇವಿ ಅವನಿಗೆ ಬೆನ್ನು ಹಾಕಿ ಕೂತಳು. ಕುಪ್ಪಸದೊಳಗಿಂದ ಕರಿಮಣಿ ಸರ ಎಳೆದು, ಅದರಲ್ಲಿ ಪೋಣಿಸಿದ್ದ ಬೆಳ್ಳಿ ಬಿಲ್ಲೆಯನ್ನು ಅತ್ತೆಯ ಅಂಗೈಗಿಟ್ಟಳು. ಬಿಲ್ಲೆಯ ಮೇಲೆ ಸಣ್ಣದೊಂದು ಹೆಣ್ಣಿನ ರೂಪ, ತೀರಿಹೋದ ಮೊದಲ ಹೆಂಡತಿಯದೆಂದು ಎರಡನೆಯವಳು ಕೊರಳಲ್ಲಿ ಧರಿಸುವಂಥದು.

ಮುದುಕಿ ಹೆಬ್ಬೆರಳಿನಿಂದ ಅದನ್ನು ಮತ್ತೆ ಮತ್ತೆ ಸವರಿದಳು.

“ಅಕಿ ಯಾವಾಗ ಹೋದ್ಲು?”

“ನೀವು ಬೇಮಳಖೇಡದಾಗಿದ್ದಾಗ್ರಿ. ವರ್ಷಾತು.”

ಕೇಶರಬಾಯಿ ರೊಟ್ಟಿ ಮುರಿದಳು. ತುತ್ತನ್ನು ನೀರು ಕುಡಿದು ಇಳಿಸಿದಳು.

“ನಿನ್ನ ಹೆಸರೇನು, ಮಗಳ?”

“ಸಪ್ನಾ,” ಎಂದಳು, ಸತ್ತ ಸವತಿಯ ಬಿಲ್ಲೆಯೊಡನೆ ಅವಳ ಹೆಸರನ್ನೂ ದತ್ತುವಿನ ಎರಡನೆಯ ಲಗ್ನದಲ್ಲಿ ಕಟ್ಟಿಸಿಕೊಂಡವಳು.