ಅನಸವ್ವನ ಹೆಸರು

ವಕೀಲ ಆದಿನಾಥ ಮೊಬೈಲನ್ನು ಮೇಜಿನ ಮೇಲೆ ಮಧುಮತಿಯ ಕಡೆ ತಿರುಗಿಸಿಟ್ಟರು. ಪರದೆಯಲ್ಲಿ ಅವಳೇ ಇದ್ದಳು, ಜಮಖಂಡಿಯ ಕಾಲೇಜು ಸಭಾಂಗಣದಲ್ಲಿ, ಬಿಳಿ ಸೀರೆ ಉಟ್ಟು. ಆ ಸೀರೆಯ ಮೇಲೆ, ಅವಳ ಮುಖದ ಮೇಲೆ, ಹಿಂದಿನ ಗೋಡೆಯ ತುಂಬ ಬನಹಟ್ಟಿಯ ನೇಕಾರ ಹೆಂಗಸು ಲಗಮವ್ವನ ಮುಖ ಪ್ರೊಜೆಕ್ಟರಿನಿಂದ ಬಿದ್ದಿತ್ತು. ಮಗ್ಗದ ಸದ್ದಿನ ನಡುವೆ ಲಗಮವ್ವನದೇ ದನಿ: "ನಾ ಲಗಮವ್ವ ಅಲ್ಲ. ಲಗಮವ್ವ ಅಂದ್ರ ನನ್ನ ಗಂಡನ ಮೊದಲನೇ ಹೆಂಡತಿ. ಆಕಿ ಸತ್ತ ಮ್ಯಾಲ ನನ್ನ ತಂದು ಆಕಿ ಹೆಸರ ಇಟ್ಟರು. ನಾ ಹಿಪ್ಪರಗಿ ಅನಸವ್ವ."

ಆ ಸಂಜೆ ಸಭೆಯೇ ಎದ್ದು ನಿಂತು ಚಪ್ಪಾಳೆ ತಟ್ಟಿತ್ತು. ತನ್ನ ಮೈಯನ್ನೇ ಪರದೆ ಮಾಡಿಕೊಂಡು, ಹೆಸರು ಮುಖಗಳು ಮೊಬೈಲಿನ ಕಾಲದಲ್ಲಿ ಏನಾಗುತ್ತವೆ ಎಂದು ಮೂರು ವರ್ಷ ಊರೂರು ತೋರಿಸಿದ್ದ ಮಧುಮತಿಗೆ ಮೊದಲ ಸಲ ಪುಣೆಯ ಉತ್ಸವದಿಂದ ಕರೆ ಬಂತು. ಅಷ್ಟರಲ್ಲಿ ಯಾರೋ ಮೊಬೈಲಿನಲ್ಲಿ ಹಿಡಿದುಕೊಂಡಿದ್ದ ಆ ತುಣುಕು ಊರೆಲ್ಲ ಹರಿದಾಡಿ ಮುಧೋಳದ ಭೀಮಶಿಯನ್ನು ಮುಟ್ಟಿತ್ತು. ಭೀಮಶಿ, ಸತ್ತುಹೋದ ಆ ಮೊದಲ ಹೆಂಡತಿಯ ಅಣ್ಣನ ಮಗ. ಲಗಮವ್ವ ಈಗಿರುವ ಬನಹಟ್ಟಿಯ ಮನೆ ಆ ಸತ್ತವಳಿಗೆ ತವರಿನವರು ಬರೆದುಕೊಟ್ಟದ್ದು; ಕಾಗದದಲ್ಲಿ ಇದ್ದದ್ದು ಲಗಮವ್ವ ಎಂಬ ಹೆಸರೇ. "ತಾನು ಲಗಮವ್ವ ಅಲ್ಲಂತ ಆಕಿನ ಹೇಳ್ಯಾಳಲ್ಲ" ಎಂದು ಅವನು ಮನೆ ಬಿಡಿಸಿಕೊಳ್ಳಲು ಕೋರ್ಟಿಗೆ ಹೋದ.

"ಇವರ ಮನಿ ಉಳಸಾಕ ಒಂದ ದಾರಿ ಐತ್ರಿ," ಎಂದರು ವಕೀಲರು. "ಆ ಮಾತು ನೀವ ಬರದದ್ದು, ದನಿ ಕಂಪ್ಯೂಟರದಾಗ ಮಾಡಿದ್ದು ಅಂತ ಬರಕೊಡ್ರಿ."

"ಆ ದನಿ ಖರೆ ಅಂತಲೇ ಪುಣೆಯವರು ನನ್ನ ಕರದಾರ್ರಿ." ಅಂದ ಮೇಲೆ ಮಧುಮತಿಗೆ ನಾಚಿಕೆಯಾಯಿತು. ಲಗಮವ್ವ ಪಕ್ಕದಲ್ಲೇ, ಕುರ್ಚಿಯ ತುದಿಯಲ್ಲಿ ಕೂತಿದ್ದಳು.

"ನಲವತ್ತ ವರ್ಷದಾಗ ನನ್ನ ಹೆಸರ ಕೇಳಿದಾಕಿ ನೀ ಒಬ್ಬಾಕಿನ, ತಂಗಿ," ಎಂದಳು ಲಗಮವ್ವ. "ಅದಕ್ಕ ಹೇಳಿದೆ. ಗ್ವಾಡಿ ಮ್ಯಾಲ ಹಾಕತಿ ಅಂತ ಗೊತ್ತಿದ್ದಿಲ್ಲ."

"ಕೇಳೇ ಹಾಕೀನಲ್ಲ, ಆಯಿ. ಹೂಂ ಅಂದಿದ್ರಿ."

"ಅಂದಿದ್ದೆ. ನೀ ಏನ ಕೇಳಾಕತ್ತಿ ಅಂತ ತಿಳಿದಿದ್ದಿಲ್ಲ."

ಮಧುಮತಿ ಪೆನ್ನು ತೆಗೆದುಕೊಂಡು, ವಕೀಲರು ಹೇಳಿದಂತೆ ಬರೆದಳು, ಕೊನೆಗೆ ಗಟ್ಟಿಯಾಗಿ ಓದಿದಳು: "ಅನಸವ್ವ ಎಂಬುದು ನನ್ನ ಕಲ್ಪನೆಯ ಪಾತ್ರ. ಆ ಹೆಸರಿನ ಹೆಂಗಸು ಇಲ್ಲ, ಎಂದೂ ಇದ್ದಿರಲಿಲ್ಲ." ಸಹಿ ಹಾಕಿದಳು. ಪುಣೆಗೆ ಇನ್ನು ಯಾವ ಮುಖ ಹೊತ್ತು ಹೋಗುವುದೋ ಅವಳಿಗೆ ತಿಳಿಯಲಿಲ್ಲ. ವಕೀಲರು ಕಾಗದಕ್ಕೆ ಕೈ ಚಾಚಿದರು.

"ತಡೀರಿ," ಎಂದಳು ಲಗಮವ್ವ. "ತಂಗಿ, ಇನ್ನೊಂದ ಸಲ ಓದು. ಆ ಹೆಸರ ಮತ್ತ ನನ್ನ ಕಿವಿಗೆ ಬೀಳೂದಿಲ್ಲ."